ಸ್ಟೀರಿಂಗ್ ಹಿಡಿದವನ ಕೈಲಿ ಗನ್ ಇರಲ್ಲ

ಬಿಜಿಎಮ್‌ಐ ಮ್ಯಾಚ್ ಮುಗಿದ ತಕ್ಷಣ ಎಲ್ಲರ ಕಣ್ಣು ಹೋಗೋದು ಒಂದೇ ಕಡೆಗೆ. ಯಾರು ಎಷ್ಟು ಕಿಲ್ ಮಾಡಿದ್ರು, ಡ್ಯಾಮೇಜ್ ಎಷ್ಟು, ಎಂವಿಪಿ ಯಾರು. ಅಷ್ಟು ಹೊತ್ತೂ ಗಾಡಿ ಓಡಿಸಿದ್ದು ಯಾರು ಅಂತ ಒಬ್ಬರೂ ಕೇಳಲ್ಲ. ನಮ್ಮ ಸ್ಕ್ವಾಡ್‌ನಲ್ಲಿ ಮೊದಲಿನಿಂದಲೂ ಓಡಿಸೋದು ಒಬ್ಬನೇ. ಅವನ ಕಿಲ್ ಲೆಕ್ಕ ನೋಡಿ ಹಾಸ್ಟೆಲ್ ಹುಡುಗರು ನಕ್ಕಿದ್ದಾರೆ. "ಇವನನ್ನ ಯಾಕೆ ಇಟ್ಕೊಂಡಿದೀರಾ ಮಗಾ?" ಅಂತ ಕೇಳಿದ್ದಾರೆ. ಒಂದು ಸಾಲಲ್ಲಿ ಉತ್ತರ ಹೇಳಕ್ಕೆ ಆಗಲ್ಲ, ಅದಕ್ಕೇ ಇಷ್ಟುದ್ದ ಬರೀತಿದೀವಿ.

ನಾವು ನಾಲ್ವರೂ ಬಂಡಳ್ಳಿಯವರು. ಹನೂರು ತಾಲ್ಲೂಕು, ಚಾಮರಾಜನಗರ ಜಿಲ್ಲೆ. ಕ್ಯಾಂಪಸ್‌ನಲ್ಲಿ ಊರು ಯಾವುದು ಅಂದ್ರೆ "ಮಾದಪ್ಪನ ಬೆಟ್ಟದ ಕಡೆ" ಅಂತೀವಿ, ಆಗ ಎಲ್ರಿಗೂ ಗೊತ್ತಾಗುತ್ತೆ. ಊರ ಹೆಸರಲ್ಲೇ ಬಂಡಿ ಇದೆ, ಅದಕ್ಕೇ ನಮಗೆ ಗಾಡಿ ಹುಚ್ಚು ಅಂತ ನಮ್ಮೊಳಗೇ ಒಂದು ತಮಾಷೆ. (ಬಂಡಿಯೋ ಬಂಡೆಯೋ, ಭಾಷಾಶಾಸ್ತ್ರದವರು ಜಗಳಕ್ಕೆ ಬರಬೇಡಿ.) ಬರೀತಿರೋ ನಾವು ಮೂವರು. ಒಬ್ಬ ಇಲ್ಲೇ ಮೆಕ್ಯಾನಿಕಲ್, ಇನ್ನೊಬ್ಬ ಇಲ್ಲೇ ಇ ಅಂಡ್ ಸಿ, ಮೂರನೆಯವನು ಬಿಎಸ್ಸಿ ಮುಗಿಸಿ ಮೈಸೂರಲ್ಲಿ ಕೆಲಸ ಹುಡುಕ್ತಿದಾನೆ. ನಾಲ್ಕನೆಯವನು ಪಿಯುಸಿ ಆದ ಮೇಲೆ ಅವನ ಮಾವನ ಟಾಟಾ ಏಸ್ ಓಡಿಸಕ್ಕೆ ಕೂತ. ನಮ್ಮೂರ ಕಡೆಯ ಟೊಮೆಟೊ, ಈರುಳ್ಳಿ, ಮುಸುಕಿನ ಜೋಳ, ಏನಿರುತ್ತೋ ಅದು, ಕೊಳ್ಳೇಗಾಲಕ್ಕೆ. ರೇಟ್ ಚೆನ್ನಾಗಿದ್ರೆ ಮೈಸೂರಿನ ಬಂಡೀಪಾಳ್ಯದ ಮಾರ್ಕೆಟ್ಟಿಗೆ. ಆಟದಲ್ಲೂ ಅವನೇ ಡ್ರೈವರ್. ಹೆಸರು ಹಾಕ್ಬೇಡಿ ಅಂದಿದಾನೆ, ಹಾಗಾಗಿ ಇಲ್ಲೂ ಡ್ರೈವರ್ ಅಂತಲೇ ಕರೀತೀವಿ.

2020ರಲ್ಲಿ ಎಸ್ಸೆಸ್ಸೆಲ್ಸಿ ಪರೀಕ್ಷೆ ಲಾಕ್‌ಡೌನ್‌ನಿಂದ ಮುಂದಕ್ಕೆ ಹೋಗಿ ಜೂನ್ 25ಕ್ಕೆ ಶುರುವಾಯ್ತಲ್ಲ, ಆ ಬ್ಯಾಚ್ ನಾವು. ಆಗ ಅದು ಪಬ್‌ಜಿ ಮೊಬೈಲ್. ಸೆಪ್ಟೆಂಬರ್ 2ಕ್ಕೆ ಸರ್ಕಾರ 118 ಆ್ಯಪ್ ನಿಷೇಧ ಮಾಡಿದಾಗ ಅದೂ ಹೋಯ್ತು. 2021ರ ಜುಲೈ 2ಕ್ಕೆ ಬಿಜಿಎಮ್‌ಐ ಅನ್ನೋ ಹೆಸರಲ್ಲಿ ಬಂತು, 2022ರ ಜುಲೈ ಕೊನೆಗೆ ಸ್ಟೋರ್‌ನಿಂದ ಮತ್ತೆ ಮಾಯ, 2023ರ ಮೇ ಕೊನೆಗೆ ಮತ್ತೆ ಹಾಜರ್. ಈ ಬಂದು ಹೋಗೋ ಆಟದ ಮಧ್ಯದಲ್ಲೇ ನಮ್ಮ ದಾರಿಗಳೂ ಬೇರೆ ಬೇರೆ ಆಗಿದ್ದು. ಈಗ ನಾಲ್ವರೂ ಒಟ್ಟಿಗೆ ಸಿಗೋದು ವರ್ಷಕ್ಕೆ ಎರಡು ಸಲ, ಬೆಟ್ಟದ ಜಾತ್ರೆಗೆ ಮತ್ತು ಯಾರದಾದ್ರೂ ಮನೆ ಮದುವೆಗೆ. ಬಾಕಿ ದಿನ ನಾವು ಭೇಟಿಯಾಗೋದು ಎರಾಂಗೆಲ್‌ನಲ್ಲಿ, ರಾತ್ರಿ ಒಂಬತ್ತೂವರೆಗೆ.

ಆಡದವರಿಗಾಗಿ ಎರಡು ಮಾತು. ನೂರು ಜನರನ್ನ ವಿಮಾನದಿಂದ ಒಂದು ದ್ವೀಪದ ಮೇಲೆ ಇಳಿಸ್ತಾರೆ. ಎರಾಂಗೆಲ್ ಅಂದ್ರೆ ಎಂಟು ಕಿಲೋಮೀಟರ್ ಉದ್ದ, ಎಂಟು ಕಿಲೋಮೀಟರ್ ಅಗಲದ ನಕ್ಷೆ. ಬಂದೂಕು ಹುಡುಕ್ಕೋಬೇಕು, ಕೊನೆಗೆ ಒಂದು ತಂಡ ಉಳೀಬೇಕು. ಆಗಾಗ ಒಂದು ವೃತ್ತ ಚಿಕ್ಕದಾಗ್ತಾ ಹೋಗುತ್ತೆ, ಅದರ ಹೊರಗೆ ಉಳಿದವರ ಪ್ರಾಣ ನಿಧಾನಕ್ಕೆ ಹೋಗುತ್ತೆ. ಓಡಿ ತಲುಪೋದು ಕಷ್ಟ, ಅದಕ್ಕೆ ಗಾಡಿಗಳು: ಯುಎಝಡ್ ಜೀಪ್, ಡಾಸಿಯಾ ಕಾರು, ಇಬ್ಬರು ಕೂರೋ ಬಗ್ಗಿ, ಬೈಕು, ಪಕ್ಕದಲ್ಲಿ ತೊಟ್ಟಿಲು ಕಟ್ಟಿದ ಬೈಕು, ನೀರಿಗೆ ದೋಣಿ. ಸಾನ್ಹಾಕ್ ಅನ್ನೋ ಚಿಕ್ಕ ನಕ್ಷೆಯಲ್ಲಿ ನಮ್ಮ ಆಟೊನ ಅಣ್ಣನಂಥ ಟುಕ್‌ಶಾಯ್ ಕೂಡ ಇದೆ. ಅದನ್ನ ಮೊದಲ ಸಲ ಕಂಡಾಗ ನಮ್ಮ ಡ್ರೈವರ್ "ಹನೂರ್, ಹನೂರ್, ಹನೂರ್" ಅಂತ ಕೂಗಿದ್ದ.

ನಮ್ಮ ಸೀನಿಯರ್‌ಗಳು ಲ್ಯಾಪ್‌ಟಾಪ್‌ನಲ್ಲಿ ಬ್ಯಾಟಲ್‌ಫೀಲ್ಡ್ ಆಡೋರು. 2002ರಲ್ಲಿ ಬಂದ 'ಬ್ಯಾಟಲ್‌ಫೀಲ್ಡ್ 1942'ರಿಂದಲೂ ಆ ಸರಣಿಯಲ್ಲಿ ಟ್ಯಾಂಕು, ವಿಮಾನ ಎಲ್ಲಾ ಇದೆ, ಗಾಡಿನೇ ಆಯುಧ. ಅದಕ್ಕಿಂತ ಒಂದು ವರ್ಷ ಮುಂಚಿನ 'ಹೇಲೋ'ದ ವಾರ್ಟ್‌ಹಾಗ್ ಜೀಪಿನಲ್ಲಿ ಒಬ್ಬ ಓಡಿಸ್ತಾನೆ, ಒಬ್ಬ ಪಕ್ಕ ಕೂರ್ತಾನೆ, ಒಬ್ಬ ಹಿಂದೆ ನಿಂತು ದೊಡ್ಡ ಗನ್ ಹಿಡೀತಾನೆ. ನಮ್ಮ ಆಟದ ಸಾಮಾನ್ಯ ಗಾಡಿಗಳಲ್ಲಿ ಅಂಥ ಗನ್ ಇಲ್ಲ. ಕೂತವರು ಕಿಟಕಿಯಿಂದ ಬಾಗಿ ಹೊಡೀಬಹುದು, ಓಡಿಸೋನಿಗೆ ಅದೂ ಇಲ್ಲ. ಅವನ ಎರಡು ಹೆಬ್ಬೆಟ್ಟೂ ಸ್ಟೀರಿಂಗ್ ಮೇಲೆ. ಸುತ್ತ ಎಲ್ಲರೂ ಗುಂಡು ಹಾರಿಸ್ತಿರುವಾಗ ಏನೂ ಹಾರಿಸದೆ ದಾರಿ ನೋಡ್ತಾ ಕೂರೋದು ಎಷ್ಟು ಕಷ್ಟ ಅಂತ ಒಂದ್ಸಲ ಕೂತು ನೋಡಿ.

ಹೊಸಬರಿಗೆ ಗಾಡಿ ಸಿಕ್ಕಿದ್ರೆ ಮೊದಲ ಆಸೆ ಯಾರಿಗಾದ್ರೂ ಗುದ್ದೋದು. ಗುದ್ದಿದ್ರೆ ಸಾಯ್ತಾರೆ, ನಿಜ. ಆದ್ರೆ ಗುದ್ದಕ್ಕೆ ಅಂತ ತಿರುಗಿಸಿ, ತಪ್ಪಿ, ಮತ್ತೆ ತಿರುಗಿಸೋ ಹೊತ್ತಿಗೆ ಅವನ ಇನ್ನೂ ಮೂರು ಜನ ಎಲ್ಲಿಂದಲೋ ಗಾಡಿಗೆ ಹೊಡೀತಿರ್ತಾರೆ. ನಾಲ್ಕು ಜನ ಒಳಗಿರುವಾಗ ಗಾಡಿ ಸ್ಫೋಟ ಆದ್ರೆ ನಾಲ್ವರೂ ಒಟ್ಟಿಗೆ ಲಾಬಿಗೆ. ನಮ್ಮವನು ಗುದ್ದಲ್ಲ. ಕೇಳಿದ್ರೆ "ಗಾಡಿ ಇರೋದು ಹೋಗಿ ಇಳ್ಯಕ್ಕೆ ಕಣಾ" ಅಂತಾನೆ. ಯುರೋಪಿನ ಹಳೇ ಸೈನ್ಯಗಳಲ್ಲಿ ಡ್ರಗೂನ್ ಅನ್ನೋ ಪಡೆ ಇತ್ತು. ಕುದುರೆ ಮೇಲೆ ಬೇಗ ಹೋಗಿ, ಇಳಿದು, ನೆಲದ ಮೇಲೆ ನಿಂತು ಯುದ್ಧ ಮಾಡೋರು. ಲೈಬ್ರರಿಯಲ್ಲಿ ಇದನ್ನ ಓದಿ ಅವನಿಗೆ ಫೋನ್ ಮಾಡಿ ಹೇಳಿದ್ವಿ. "ಅದ್ನೇ ಅಲ್ವಾ ನಾ ಹೇಳ್ತಿರದು" ಅಂದ, ಅಷ್ಟೇ.

ಎಲ್ಲಿ ಇಳೀಬೇಕು ಅನ್ನೋದರಲ್ಲೇ ಅವನ ವಿದ್ಯೆಯೆಲ್ಲ ಇದೆ. ಮನೆ ಬಾಗಿಲಿಗೆ ಗಾಡಿ ನಿಲ್ಲಿಸೋ ಡ್ರೈವರ್‌ಗಳೇ ಜಾಸ್ತಿ. ಎಂಜಿನ್ ಸದ್ದು ಗಾಡಿಗಿಂತ ಮುಂಚೆ ಹೋಗಿರುತ್ತೆ, ಒಳಗೆ ಕೂತವನು ಗುರಿ ಹಿಡಿದು ಕಾಯ್ತಿರ್ತಾನೆ. ನಮ್ಮವನು ಒಂದು ದಿಣ್ಣೆ ಹಿಂದೆ, ನೂರೈವತ್ತು ಇನ್ನೂರು ಮೀಟರ್ ಮೊದಲೇ ನಿಲ್ಲಿಸಿ "ಇಳೀರ್ಲಾ, ನಡ್ಕಂಡ್ ಹೋಗವ" ಅಂತಾನೆ. ಮೊದಮೊದಲು ನಮಗೆ ಸಿಟ್ಟು ಬರ್ತಿತ್ತು. ಹತ್ತು ಮ್ಯಾಚ್ ಆದ ಮೇಲೆ ಸಿಟ್ಟು ಹೋಯ್ತು, ಬದುಕಿ ಉಳೀತಿದ್ವಲ್ಲ.

ದಾರಿ ಆರಿಸೋದೂ ಹಾಗೇ. ನಕ್ಷೆಯಲ್ಲಿ ಎರಡು ಬಿಂದುವಿನ ಮಧ್ಯ ಗೆರೆ ಎಳೆದು ಅದರ ಮೇಲೆ ಓಡಿಸೋದು ನಮ್ಮಂಥ ಇಂಜಿನಿಯರಿಂಗ್ ತಲೆಗಳ ಕೆಲಸ. ಅವನು ಗುಡ್ಡ ನೋಡ್ತಾನೆ. ಗುಂಡು ಬರಬಹುದಾದ ಕಡೆಗೂ ನಮಗೂ ಮಧ್ಯೆ ಯಾವಾಗಲೂ ಒಂದು ಏರು ಇರಬೇಕು. ಅದಕ್ಕೆ ಒಂದು ಕಿಲೋಮೀಟರ್ ಸುತ್ತಾದ್ರೂ ಚಿಂತೆ ಇಲ್ಲ. ಗುಡ್ಡದ ನೆತ್ತಿ ಮೇಲೆ ಓಡಿಸಲ್ಲ, ಆಕಾಶದ ಎದುರಿಗೆ ಗಾಡಿ ಎದ್ದು ಕಾಣುತ್ತೆ. ಡಾಸಿಯಾ ಸಿಕ್ಕಿದ್ರೆ ಟಾರು ರಸ್ತೆ, ಬಗ್ಗಿ ಅಥವಾ ಯುಎಝಡ್ ಸಿಕ್ಕಿದ್ರೆ ಹೊಲದ ಮೇಲೆ. ತಾಳಬೆಟ್ಟದಿಂದ ಮಾದಪ್ಪನ ಬೆಟ್ಟಕ್ಕೆ ಲೋಡ್ ಹತ್ತಿಸಿದವನಿಗೆ ಏರು, ಇಳಿಜಾರು, ತಿರುವು ಯಾರೂ ಹೇಳಿಕೊಡಬೇಕಾಗಿಲ್ಲ. ಯಾವ ಗೇರಲ್ಲಿ ಹತ್ತಿದ್ಯೋ ಅದೇ ಗೇರಲ್ಲಿ ಇಳೀಬೇಕು ಅಂತ ಅವನ ಮಾವ ಹೇಳಿಕೊಟ್ಟಿದ್ದು. ಬಿಜಿಎಮ್‌ಐ ಗಾಡಿಗೆ ಗೇರೇ ಇಲ್ಲ. ಆದ್ರೂ ಇಳಿಜಾರಲ್ಲಿ ಅವನು ಆಕ್ಸಿಲರೇಟರ್ ಬಿಟ್ಟೇ ಬಿಡ್ತಾನೆ.

ಎರಾಂಗೆಲ್‌ನ ದಕ್ಷಿಣದಲ್ಲಿ ಮಿಲಿಟರಿ ಬೇಸ್ ಇರೋ ದ್ವೀಪಕ್ಕೆ ಎರಡು ಸೇತುವೆ. ವೃತ್ತ ಆ ಕಡೆ ಬಿತ್ತು ಅಂದ್ರೆ ಸೇತುವೆ ಮೇಲೆ ಯಾರೋ ಗಾಡಿ ಅಡ್ಡ ಹಾಕಿ ಕಾಯ್ತಿರ್ತಾರೆ. ವೇಗವಾಗಿ ನುಗ್ಗಿಬಿಡೋಣ ಅಂತ ನಮ್ಮಲ್ಲಿ ಒಬ್ಬನಾದ್ರೂ ಹೇಳೇ ಹೇಳ್ತಾನೆ. ಡ್ರೈವರ್ ಮಾತಾಡದೆ ದಡಕ್ಕೆ ತಿರುಗಿಸಿ ದೋಣಿ ಹುಡುಕ್ತಾನೆ. ದೋಣಿ ಸಿಗದಿದ್ರೆ ಈಜು. ಅವಮಾನ ಆಗುತ್ತೆ, ಪ್ರಾಣ ಉಳಿಯುತ್ತೆ.

ಇನ್ನು ನಿಲ್ಲಿಸಿದ ಗಾಡಿ. ಬಯಲಲ್ಲಿ ಸಿಕ್ಕಿಹಾಕಿಕೊಂಡಾಗ ಗಾಡಿನೇ ಗೋಡೆ. ಶತ್ರು ಕಡೆಗೆ ಅಡ್ಡಲಾಗಿ ನಿಲ್ಲಿಸಿ, ಆ ಕಡೆಯಿಂದ ಇಳಿದು, ಹಿಂದೆ ಕೂರಬೇಕು. ಇಲ್ಲಿ ಒಂದು ಉಪಾಯ ಇದೆ, ಮೊದಲು ಕೇಳಿದಾಗ ಹುಚ್ಚು ಅನ್ಸುತ್ತೆ: ನಮ್ಮ ಗಾಡಿಯ ಟೈರಿಗೆ ನಾವೇ ಗುಂಡು ಹೊಡೆಯೋದು. ಟೈರ್ ಹೋದ್ರೆ ಗಾಡಿ ಕೆಳಗೆ ಕೂರುತ್ತೆ, ಕೆಳಗಿನ ಸಂದಿಯಿಂದ ಕಾಲಿಗೆ ಗುಂಡು ಬರಲ್ಲ. ಆದ್ರೆ ಅಲ್ಲಿಂದ ಹೊರಡೋ ಆಸೆ ಬಿಡಬೇಕು, ಹಾಗಾಗಿ ಇದು ಕೊನೆ ವೃತ್ತದ ಆಟ. ಹೊಗೆ ಕಪ್ಪಾದ್ರೆ ಎಚ್ಚರ. ಬೆಂಕಿ ಹತ್ತಿದ್ರೆ ಕೆಲವೇ ಸೆಕೆಂಡು, ಎದ್ದು ಓಡಬೇಕು. ದೊಡ್ಡ ಟೂರ್ನಮೆಂಟ್ ಆಡೋ ತಂಡಗಳು ಎಷ್ಟೋ ಸಲ ಆಳಿಗೊಂದು ಗಾಡಿ ತಗೊಂಡು ಹೋಗ್ತಾರೆ, ಒಂದು ಸ್ಫೋಟ ಆದ್ರೂ ಮೂವರು ಉಳೀಲಿ, ಇಳಿದಾಗ ನಾಲ್ಕು ಗೋಡೆ ಸಿಗಲಿ ಅಂತ. ಲೆಕ್ಕ ಸರಿಯಾಗೇ ಇದೆ. ನಾವು ಮಾತ್ರ ಒಂದೇ ಗಾಡೀಲಿ ಹೋಗ್ತೀವಿ. ಕಾರಣ ಕೇಳಿದ್ರೆ ತಂತ್ರ ಗಿಂತ್ರ ಏನಿಲ್ಲ, ಒಟ್ಟಿಗೆ ಕೂತು ಹರಟೆ ಹೊಡೆಯೋ ಜಾಗ ಅದೊಂದೇ.

ಈ ಹರಟೆ ಒಂದು ರಾತ್ರಿ ಊರಲ್ಲಿ ಬೇರೆ ಕಡೆಗೆ ತಿರುಗಿತು. ಜಾತ್ರೆಗೆ ಹೋದಾಗ ನಮ್ಮಲ್ಲೊಬ್ಬನ ಮನೆ ಜಗುಲಿ ಮೇಲೆ ಸ್ಪೀಕರ್ ಹಾಕ್ಕೊಂಡು ಆಡ್ತಿದ್ವಿ. "ಜೀಪ್ ಸೌಂಡು, ಜೀಪ್ ಸೌಂಡು, ದೀಪ ಇರೋ ಮನೆ ಹತ್ರ" ಅಂತ ಯಾರೋ ಕೂಗಿದ. ಒಳಗಿದ್ದ ತಾತ ಎದ್ದು ಬಂದ್ರು. ಬೈತಾರೆ ಅಂದ್ಕೊಂಡ್ವಿ. ಬೈಲಿಲ್ಲ, ಪಕ್ಕದಲ್ಲಿ ಕೂತು "ಆಗ ನಾವೂ ಇಂಗೇ ಕೇಳುಸ್ಕತಿದ್ದೊ ಕನ್ರಪ್ಪ" ಅಂದ್ರು. ರಾತ್ರಿ ಗಾಡಿ ಸದ್ದು ಕೇಳಿದ್ರೆ ದೀಪ ಸಣ್ಣ ಮಾಡೋರಂತೆ. ಬರ್ತಿರೋದು ಪೊಲೀಸರೋ ಇನ್ಯಾರೋ ಗೊತ್ತಾಗ್ತಿರಲಿಲ್ಲವಂತೆ. ಯಾರು ಬಂದ್ರೂ ಮಾರನೇ ದಿನ ಯಾರೋ ಒಬ್ಬರು ಅದಕ್ಕೆ ಉತ್ತರ ಹೇಳಬೇಕಾಗಿತ್ತಂತೆ.

ನಾವು ಹುಟ್ಟಿದ ವರ್ಷವೇ, 2004ರ ಅಕ್ಟೋಬರ್ 18ಕ್ಕೆ, ವೀರಪ್ಪನ್ ಸತ್ತಿದ್ದು. ಹಾಗಾಗಿ ನಮಗೆ ಅದೆಲ್ಲ ಸಿನಿಮಾ ಕಥೆ. ಆದ್ರೆ ರಾಮಾಪುರ, ಮಿಣ್ಯಂ ನಮಗೆ ಬಸ್ಸಿನ ಬೋರ್ಡ್ ಮೇಲಿನ ಹೆಸರುಗಳು, ಇವತ್ತು ನಮ್ಮದೇ ತಾಲ್ಲೂಕು. 1992ರ ಮೇನಲ್ಲಿ ರಾಮಾಪುರದ ಪೊಲೀಸ್ ಠಾಣೆ ಮೇಲೆ ದಾಳಿ ಆಗಿ ಐವರು ಪೊಲೀಸರು ಸತ್ತರು. ಅದೇ ವರ್ಷ ಆಗಸ್ಟ್ 14ಕ್ಕೆ ಮಿಣ್ಯಂ ಹತ್ತಿರ ರಸ್ತೆಯಲ್ಲಿ ಹೊಂಚು ಹಾಕಿ ಎಸ್‌ಪಿ ಟಿ. ಹರಿಕೃಷ್ಣ, ಎಸ್‌ಐ ಶಕೀಲ್ ಅಹಮದ್ ಮತ್ತು ಅವರ ಜೊತೆಗಿದ್ದ ಪೊಲೀಸರನ್ನು ಕೊಂದರು. 1993ರ ಏಪ್ರಿಲ್ 9ಕ್ಕೆ ಪಾಲಾರ್ ಹತ್ತಿರ ನೆಲಬಾಂಬಿನಿಂದ ವಾಹನ ಸ್ಫೋಟಿಸಿದಾಗ 22 ಜನ ಸತ್ತರು. ನಮ್ಮ ಡ್ರೈವರ್ ಬೆಟ್ಟಕ್ಕೆ ಲೋಡ್ ತಗೊಂಡು ಹೋದಾಗೆಲ್ಲ ಆ ಕಾಡಿನ ದಾರಿಯಲ್ಲೇ ಓಡಾಡೋದು.

ಇದನ್ನ ಆಟದ ಟಿಪ್ಸ್ ಜೊತೆ ಸೇರಿಸೋದು ಸರಿನಾ ಅಂತ ನಮ್ಮಲ್ಲೇ ಜಗಳ ಆಯ್ತು. ಆ ಸಾವುಗಳಿಂದ ಯಾವ ಟ್ರಿಕ್ಕೂ ಕಲಿಯೋದಿಲ್ಲ, ಅದು ನಮಗೆ ಬೇಡ. ಆದ್ರೆ ತಾತ ಒಳಗೆ ಹೋದ ಮೇಲೆ ಡ್ರೈವರ್ ಹೇಳಿದ ಒಂದು ಮಾತು ಬಿಡಕ್ಕೆ ಆಗ್ತಿಲ್ಲ. "ರಸ್ತೆ ಗೊತ್ತಿರೋನು ಕಾಯ್ತಾ ಕೂತಿದ್ರೆ, ಗಾಡಿ ಎಷ್ಟ್ ಗಟ್ಟಿ ಇದ್ರೂ ಅಷ್ಟೇ. ಗಾಡೀಲಿ ಕೂತಿರೋನಿಗೆ ಕಾಣದು ರಸ್ತೆ ಒಂದೇ." ಅವತ್ತಿಂದ ಮನೇಲಿ ಆಡುವಾಗ ಇಯರ್‌ಫೋನ್ ಹಾಕ್ಕೋತೀವಿ. ತಾತ ಏನೂ ಹೇಳಿಲ್ಲ, ನಮಗೇ ಅನ್ನಿಸಿದ್ದು.

ಕಳೆದ ಮಳೆಗಾಲದಲ್ಲಿ ಇನ್ನೊಂದಾಯ್ತು. ಡ್ರೈವರ್ ಬೆಳಗಿನ ಜಾವ ಮೂರಕ್ಕೆ ಬಂಡಳ್ಳಿ ಬಿಟ್ಟು, ಬಂಡೀಪಾಳ್ಯದಲ್ಲಿ ಲೋಡ್ ಇಳಿಸಿ, ವಾಪಸ್ ಬರುವಾಗ ಬೇರೆ ಬಾಡಿಗೆ ಹಿಡ್ಕೊಂಡು, ಮನೆ ಸೇರಿದಾಗ ರಾತ್ರಿ ಒಂಬತ್ತು. ಆದ್ರೂ ಒಂಬತ್ತೂವರೆಗೆ ಲಾಬಿಯಲ್ಲಿ ಹಾಜರ್. ಇಳಿದ್ವಿ, ಸಾಮಾನು ಹುಡುಕಿದ್ವಿ, ರಸ್ತೆ ಪಕ್ಕ ಒಂದು ಡಾಸಿಯಾ ಸಿಕ್ತು. ಅಭ್ಯಾಸದಂತೆ ಇಬ್ಬರು ಹತ್ತಿ ಕೂತ್ವಿ. ಅವನು ಬಂದು ಹಿಂದಿನ ಸೀಟಲ್ಲಿ ಕೂತ.

"ಇವತ್ತು ನಂಗೆ ಓಡ್ಸದು ಬ್ಯಾಡ ಕಣ್ರಲಾ. ಬೆಳಗಿಂದ ಅದ್ನೇ ಮಾಡಿವ್ನಿ."

ಗಾಡಿ ನಿಂತೇ ಇತ್ತು. ನಾಲ್ಕು ಸೀಟಿನ ಕಾರಲ್ಲಿ ಮೂವರು ಹಿಂದೆ ಮುಂದೆ, ಸ್ಟೀರಿಂಗ್ ಖಾಲಿ, ನಾಲ್ಕನೆಯವನು ಹೊರಗೆ. ಮೈಕಲ್ಲಿ ಯಾರೂ ಮಾತಾಡಲಿಲ್ಲ. ಅಷ್ಟು ವರ್ಷದಲ್ಲಿ ಅವನು ಆಟಕ್ಕೆ ಬರೋದು ಆಡೋದಕ್ಕೆ ಅಂತ ನಾವು ಅಂದ್ಕೊಂಡಿದ್ವಿ. ಅವನ ಪಾಲಿಗೆ ಅದು ಎರಡನೇ ಶಿಫ್ಟ್ ಆಗಿರಬಹುದು ಅಂತ ಯಾರ ತಲೆಗೂ ಹೊಳೆದಿರಲಿಲ್ಲ. ಕೊನೆಗೆ ಹೊರಗಿದ್ದ ಮೆಕ್ಯಾನಿಕಲ್‌ನವನು ಡ್ರೈವರ್ ಸೀಟಿಗೆ ಬಂದ. ಥಿಯರಿ ಆಫ್ ಮಷೀನ್ಸ್‌ನಲ್ಲಿ ಎಂಬತ್ತೆರಡು ತೆಗೆದವನು. ಮೊದಲ ದಿಣ್ಣೆಯಲ್ಲೇ ಕಾರನ್ನ ತಲೆಕೆಳಗೆ ಮಾಡಿದ.

ಹಿಂದಿನಿಂದ ದನಿ ಬಂತು: "ನಿಧಾನಕ್ಕೆ. ಲೋಡ್ ಅದೆ ಅನ್ಕೊ."

ಈ ಮಾತು ನಮಗೆ ಆಮೇಲೆ ಅರ್ಥ ಆಯ್ತು. ಅವನು ಆಟದ ಗಾಡಿಯನ್ನ ಯಾವತ್ತೂ ಖಾಲಿ ಗಾಡಿ ಥರ ಓಡಿಸಿಲ್ಲ. ತಿರುವಿಗೆ ಮುಂಚೆ ವೇಗ ಇಳಿಸೋದು, ಗುಂಡಿ ಬಂದ್ರೆ ಓರೆಯಾಗಿ ಇಳಿಸೋದು, ನಿಲ್ಲಿಸುವಾಗ ಪೂರ್ತಿ ನಿಂತ ಮೇಲೇ "ಇಳೀರಿ" ಅನ್ನೋದು. ಓಡ್ತಿರೋ ಗಾಡಿಯಿಂದ ಹಾರಿದ್ರೆ ಆಟದಲ್ಲೂ ಪೆಟ್ಟಾಗುತ್ತೆ, ಗೊತ್ತಲ್ಲ. ಟೊಮೆಟೊ ಕ್ರೇಟು ಉರುಳಿದ್ರೆ ಮಾಲಿನವನು ದುಡ್ಡು ಕತ್ತರಿಸ್ತಾನೆ. ಆಟದಲ್ಲಿ ನಾವೇ ಆ ಕ್ರೇಟುಗಳು.

ಅವತ್ತಿಂದ ಎರಡು ನಿಯಮ. ಮಾರನೇ ದಿನ ಅವನಿಗೆ ಬೆಳಗಿನ ಲೋಡ್ ಇದ್ರೆ ಹತ್ತೂವರೆಗೆ ಆಟ ಬಂದ್, ಕೊನೆ ವೃತ್ತದಲ್ಲಿದ್ರೂ ಸರಿ. ಎರಡನೆಯದು, ಸರದಿ ಪ್ರಕಾರ ಓಡಿಸೋದು. ಮೂವರೂ ಕಲೀತಿದೀವಿ. ಇ ಅಂಡ್ ಸಿಯವನು ಈಗ ಪರವಾಗಿಲ್ಲ, ಗುಡ್ಡ ನೋಡಕ್ಕೆ ಶುರು ಮಾಡಿದಾನೆ. ಬಿಎಸ್ಸಿಯವನು ಇನ್ನೂ ಸೇತುವೆ ಕಂಡ್ರೆ ನುಗ್ಗೋಣ ಅಂತಾನೆ. ಸರದಿಯಲ್ಲಿ ಡ್ರೈವರ್‌ಗೆ ಗನ್ ಹಿಡಿಯೋ ಅವಕಾಶ ಸಿಕ್ಕಿದೆ, ಅವನ ಗುರಿ ನಮ್ಮೆಲ್ಲರಿಗಿಂತ ಕೆಟ್ಟದಾಗಿದೆ. ಅದನ್ನ ಅವನಿಗೆ ಹೇಳಿ ಹೇಳಿ ನಗ್ತೀವಿ. ಅವನೂ ನಗ್ತಾನೆ.

ಬರೋ ವರ್ಷ ನಾವು ಇಬ್ಬರೂ ಎಲ್ಲಿರ್ತೀವೋ ಗೊತ್ತಿಲ್ಲ. ಪ್ಲೇಸ್‌ಮೆಂಟ್ ಆದ್ರೆ ಬೆಂಗಳೂರು, ಶಿಫ್ಟ್ ಯಾವುದೋ ಏನೋ. ಅವನ ಮುಂದೆ ಈ ಮಾತು ಬಂದಾಗ "ಬೆಂಗ್ಳೂರಲ್ಲಿ ನೆಟ್ ಚೆನ್ನಾಗಿರ್ತದೆ ಬುಡು, ನಿಮ್ ಪಿಂಗ್ ಕಮ್ಮಿ ಆಯ್ತದೆ" ಅಂದ. ಅವನ ಯೋಚನೆಯೇ ಬೇರೆ. ಮಾವನ ಗಾಡಿ ಬಿಟ್ಟು ಸ್ವಂತದ್ದು ತಗೋಬೇಕು, ಸೆಕೆಂಡ್ ಹ್ಯಾಂಡ್ ಆದ್ರೂ ಸರಿ. ಸಾಲದ ಬಡ್ಡಿ ಲೆಕ್ಕವನ್ನ ಡಾಸಿಯಾದ ಹಿಂದಿನ ಸೀಟಲ್ಲಿ ಕೂತೇ ಹಾಕಿಸ್ಕೊಂಡಿದಾನೆ. ಇಎಮ್‌ಐ ಸೂತ್ರ ಹೇಳ್ತಾ ಇ ಅಂಡ್ ಸಿಯವನು ಒಂದ್ಸಲ ನೇರವಾಗಿ ನದಿಗೆ ಇಳಿಸಿದ.

ಈ ತಿಂಗಳ ಒಂದು ಮ್ಯಾಚ್ ಹೇಳ್ತೀವಿ. ಪೊಚಿಂಕಿಯಿಂದ ಯುಎಝಡ್‌ನಲ್ಲಿ ಹೊರಟ್ವಿ, ಓಡಿಸ್ತಿದ್ದದ್ದು ಬಿಎಸ್ಸಿಯವನು, ಡ್ರೈವರ್ ಹಿಂದೆ. ಹತ್ತು ಗಂಟೆ ಹೊತ್ತಿಗೆ ಅವನ ಮೈಕಿನಿಂದ ಗೊರಕೆ. ಎಬ್ಬಿಸಬೇಕಾ ಬೇಡ್ವಾ ಅಂತ ಚರ್ಚೆ ಆಗಲೇ ಇಲ್ಲ. ಗಾಡಿಯನ್ನ ವೃತ್ತದ ಒಳಗೆ, ಎರಡು ಬಂಡೆ ಮಧ್ಯೆ, ಯಾವ ದಿಕ್ಕಿನಿಂದಲೂ ಕಾಣದ ಹಾಗೆ ನಿಲ್ಲಿಸಿದ್ವಿ. ನಿಧಾನಕ್ಕೆ ನಿಲ್ಲಿಸಿದ್ವಿ, ಕಾರಣವೇ ಇಲ್ಲದೆ. ಮೂವರು ಇಳಿದು ನಡೆದು ಹೋಗಿ ಒಂದು ತಂಡದ ಜೊತೆ ಹೊಡೆದಾಡಿ ಮೂವರೂ ಸತ್ವಿ. ಆಮೇಲೆ ನೋಡಕ್ಕೆ ಉಳಿದಿದ್ದು ಅವನೊಬ್ಬನೇ: ನಿಂತ ಜೀಪು, ಒಳಗೆ ಅಲ್ಲಾಡದೆ ಕೂತ ಒಬ್ಬ ಮನುಷ್ಯ, ಸುತ್ತ ದೂರದಲ್ಲಿ ಗುಂಡಿನ ಸದ್ದು. ಇಪ್ಪತ್ತು ತಂಡ, ಹದಿನೈದು, ಹತ್ತು, ಆರು. ಒಬ್ಬರೂ ಆ ಬಂಡೆ ಹಿಂದೆ ಇಣುಕಲಿಲ್ಲ. ಕೊನೆಗೆ ವೃತ್ತ ಸರಿದು ಹೋಯ್ತು, ನಾಲ್ಕನೇ ಸ್ಥಾನ.

ಬೆಳಗಿನ ಜಾವ ಮೂರೂಕಾಲಿಗೆ ಗ್ರೂಪ್‌ನಲ್ಲಿ ಮೆಸೇಜ್ ಬಂದಿತ್ತು. "ರಾತ್ರಿ ಪ್ಲಸ್ ಬಂತಾ?"

ಸಬ್‌ಮಿಷನ್‌ಗೆ ಅಂತ ಎದ್ದಿದ್ದ ಮೆಕ್ಯಾನಿಕಲ್‌ನವನು ಬರೆದ: "ಬಂತು. ನಿಂದು ನಮ್ಗಿಂತ ಜಾಸ್ತಿ. ಎಲ್ಲಿದೀಯ?"

"ಹನೂರ್ ದಾಟ್ತಾ ಇವ್ನಿ. ಮಳೆ."

"ಫೋನ್ ಕೆಳಗಿಡು. ಲೋಡ್ ಅದೆ ಅನ್ಕೊ."

"ಅನ್ಕೊಳದೇನ್ಲಾ, ಅದೇ ಅದೆ. ಈರುಳ್ಳಿ."